ಬಡಗೇರಿಯ ಹಾಡುಗಾತಿ ಸುಕ್ರಿ ಬೊಮ್ಮಗೌಡ

ಅಕ್ಷರವನ್ನೇ ಕಲಿಯದ ಹೆಣ್ಣುಮಗಳೊಬ್ಬಳನ್ನು ವಿಶ್ವವಿದ್ಯಾಲಯವೊಂದು ಕರೆದು ತನ್ನ ಗೌರವ ಪದವಿಯನ್ನು ಕೊಡುವುದು ನಿತ್ಯ ನಡೆಯುವ ಸಂಗತಿಯಲ್ಲ. ಉತ್ತರ ಕನ್ನಡ ಜಿಲ್ಲೆಯ ಅಂಕೋಲಾ ತಾಲ್ಲೂಕಿಗೆ ಸೇರಿದ ಬಡಗೇರಿಯೆಂಬ ಚಿಕ್ಕ ಹಳ್ಳಿಯಲ್ಲಿ ಬಾಳಿದ ಸುಕ್ರಿ ಬೊಮ್ಮಗೌಡರಿಗೆ ಹಂಪಿಯ ಕನ್ನಡ ವಿಶ್ವವಿದ್ಯಾಲಯವು ನಾಡೋಜ ಪದವಿಯನ್ನಿತ್ತಿತು. ಭಾರತ ಸರಕಾರವು ೨೦೧೭ರಲ್ಲಿ ಪದ್ಮಶ್ರೀ ಪ್ರಶಸ್ತಿಯನ್ನಿತ್ತು ಗೌರವಿಸಿತು. ಆಗ ಅವರಿಗೆ ಎಂಬತ್ತರ ಹತ್ತಿರ ಹತ್ತಿರ ವಯಸ್ಸು. ಊರವರು ಅವರನ್ನು ಸುಕ್ರಜ್ಜಿ ಎಂದು ಕರೆಯುತ್ತಿದ್ದರು. ಪತ್ರಿಕೆಗಳವರು ಹಾಲಕ್ಕಿ ಕೋಗಿಲೆ ಎಂದರು. ಈ ಎರಡು ಹೆಸರುಗಳಲ್ಲಿ ಊರವರು ಇಟ್ಟುದೇ ನಮಗೆ ಹೆಚ್ಚು ಹಿತವೆನಿಸುವುದು. ಕೋಗಿಲೆಗೆ ಇರುವುದು ಒಂದೇ ಹಾಡು. ಸುಕ್ರಜ್ಜಿಗಾದರೋ ಎಷ್ಟು ಹಾಡುಗಳು ಬರುತ್ತಿದ್ದವೆಂಬುದನ್ನು ಎಣಿಸಿ ಮುಗಿಸಿದವರೇ ಇಲ್ಲ. ಸಾವಿರಗಟ್ಟಲೆ ಎಂದು ಹೇಳುವುದು ವಾಡಿಕೆ. ೧೯೩೭ರ ಸುಮಾರಿಗೆ ಹುಟ್ಟಿದ ಆ ಹಿರಿಯ ಜೀವವು ೨೦೨೫ನೆಯ ಫೆಬ್ರುವರಿ ೧೩ರಂದು, ಭಾರತ ಹುಣ್ಣಿಮೆಯ ಮರುದಿನ, ಈ ಲೋಕವನ್ನು ಬಿಟ್ಟಿತು.

ಸತ್ತವರ ಗುಣಗಾನವನ್ನು ಮಾಡಿ ಮುಗಿಸುವುದಕ್ಕಾಗಿ ನಾವು ಈ ಲೇಖನವನ್ನು ಬರೆಯುತ್ತಿಲ್ಲ. ಬರೆದಿಡದ ಹಾಡು ಒಬ್ಬರ ಬಾಯಿಂದ ಇನ್ನೊಬ್ಬರ ಬಾಯಿಗೆ ಹೇಗೆ ಸಾಗಿ ಬರುತ್ತದೆ, ಎಲ್ಲಿ ಕಡಿದುಹೋಗುತ್ತದೆ, ಅದನ್ನು ಕಾಪಾಡುವುದೆಂದರೆ ಏನು ಎಂಬುದು ಆಕೆಯ ಬಾಳಿನಲ್ಲಿ ಬಹು ಸ್ಪಷ್ಟವಾಗಿ ಕಾಣುವುದರಿಂದ, ಮನೆಯಲ್ಲಿ ಅಜ್ಜಿಯರನ್ನುಳ್ಳ ನಮ್ಮ ವಾಚಕರು ಇದನ್ನು ತಿಳಿಯತಕ್ಕದ್ದೆಂದು ನಮಗೆ ತೋರಿತು.

ಮೊದಲು ಆ ಸೀಮೆಯ ಪರಿಚಯವನ್ನು ಮಾಡಿಕೊಳ್ಳೋಣ. ಸಹ್ಯಾದ್ರಿಯ ಬೆಟ್ಟಗಳು ಪಡುವಣ ಕಡಲಿನ ತೀರ ಸಮೀಪಕ್ಕೆ ಇಳಿದು ಬಂದಿರುವ ನಾಡು ಅದು. ಕಾಳಿ, ಗಂಗಾವಳಿ, ಅಘನಾಶಿನಿ, ಶರಾವತಿ ಎಂಬ ನಾಲ್ಕು ಹೊಳೆಗಳು ಘಟ್ಟವನ್ನಿಳಿದು ಬಂದು ಕಡಲನ್ನು ಸೇರುವ ಮೊದಲು ಹರಡುವ ಬಯಲುಗಳಲ್ಲಿ ಭತ್ತದ ಗದ್ದೆಗಳಿವೆ. ಉಪ್ಪುನೀರು ಏರಿ ಬರುವ ಗಜನಿ ಭೂಮಿಗಳಿವೆ. ಬೆಟ್ಟದ ಬುಡದಲ್ಲಿ ತೆಂಗು, ಮಾವು, ಗೇರುಗಳ ನೆರಳಿನಲ್ಲಿ ಕೊಪ್ಪಗಳಿವೆ. ಈ ಕೊಪ್ಪಗಳಲ್ಲಿ ಹಾಲಕ್ಕಿ ಒಕ್ಕಲಿಗರೆಂಬ ಜನರು ಹಿಂದಿನಿಂದಲೂ ನೆಲೆಸಿರುವರು. ಹಾಲಿನಂತೆ ಬಿಳಿದಾದ ಅಕ್ಕಿಯನ್ನು ಬೆಳೆಯುವವರೆಂದು ಕೆಲವರು ಆ ಹೆಸರಿಗೆ ಅರ್ಥವನ್ನು ಹೇಳುವರು. ಅವರ ಊರಾಡಳಿತಕ್ಕೆ ತಮ್ಮದೇ ಆದ ಕಟ್ಟು ಇದೆ: ಊರಿಗೊಬ್ಬ ಗೌಡ, ಅವನಿಗೆ ಸಲಹೆಗಾರನಾಗಿ ಬುದ್ಧಿವಂತ, ಸುದ್ದಿಯನ್ನು ಮುಟ್ಟಿಸಲು ಕೋಲಕಾರ. ಅವರಾಡುವುದು ಕನ್ನಡವೇ, ಆದರೆ ಅದರ ಉಚ್ಚಾರವೂ ಧಾಟಿಯೂ ಬೇರೆ. ಘಟ್ಟದ ಮೇಲಿನವರಿಗೆ ಮೊದಲ ಸಲ ಕೇಳಿದಾಗ ಅರ್ಧ ಮಾತ್ರ ತಿಳಿಯುವುದು.

ಅಂಕೋಲೆಯ ಪೇಟೆಗೆ ಹೋದವರು ಹಾಲಕ್ಕಿಯ ಹಿರಿಯ ಹೆಂಗಸರನ್ನು ದೂರದಿಂದಲೇ ಗುರುತಿಸಬಲ್ಲರು. ಕುಪ್ಪಸವಿಲ್ಲದೆ ಹೆಗಲ ಮೇಲೆ ಗಂಟು ಹಾಕಿ ಉಟ್ಟ ಸೀರೆ, ಕೊರಳಿನಿಂದ ಎದೆಯವರೆಗೆ ಸುತ್ತು ಸುತ್ತಾಗಿ ಇಳಿದ ಕರಿಮಣಿ ಹಳದಿಮಣಿಗಳ ಸರ, ತಲೆಯ ಮೇಲೆ ಬಸಳೆ, ಹರಿವೆ, ಗೆಣಸುಗಳ ಬುಟ್ಟಿ. ಸುಕ್ರಜ್ಜಿ ಈ ಉಡುಗೆಯನ್ನು ಎಲ್ಲಿಯೂ ಬಿಟ್ಟವರಲ್ಲ. ಸಭೆಗೆ ಹೋಗುವಾಗ ಬೇರೆ ಬಟ್ಟೆ, ಮನೆಯಲ್ಲಿ ಬೇರೆ ಬಟ್ಟೆ ಎಂಬ ಭೇದವು ಅವರಿಗೆ ತಿಳಿಯದು.

ಹಾಲಕ್ಕಿಗಳ ವರ್ಷವೆಲ್ಲವೂ ಹಾಡಿನಿಂದಲೇ ಅಳೆದಂತಿರುವುದು. ಮಳೆಗಾಲದಲ್ಲಿ ಮೊಣಕಾಲವರೆಗಿನ ಕೆಸರಿನಲ್ಲಿ ಬಗ್ಗಿ ನಿಂತು ನೆಟ್ಟಿ ಮಾಡುವಾಗ ಒಂದು ಬಗೆಯ ಹಾಡು. ಅದರ ನಡೆಯು ಕೈಯ ನಡೆಗೆ ಸರಿಯಾಗಿ ನಿಧಾನ. ಕೊಯಿಲಿನ ಹಾಡು ಬೇರೆ. ಒರಳಿನಲ್ಲಿ ಭತ್ತವನ್ನು ಕುಟ್ಟುವಾಗ ಇಬ್ಬರು ಎದುರುಬದುರು ನಿಂತು ಒನಕೆಯನ್ನು ಒಬ್ಬರಾದ ಮೇಲೊಬ್ಬರು ಹಾಕಬೇಕಷ್ಟೆ. ಆ ಪೆಟ್ಟಿನ ನಡುವೆ ಉಸಿರಿಗೆ ಸಿಗುವ ಎಡೆಯೇ ಹಾಡಿನ ಸಾಲಿನ ಅಳತೆ. ಮದುವೆಯಲ್ಲಿ ಅರಿಶಿನವನ್ನು ಹಚ್ಚುವುದರಿಂದ ಹಿಡಿದು ಮಗಳನ್ನು ಕಳುಹಿಸುವವರೆಗೆ ಒಂದೊಂದು ಶಾಸ್ತ್ರಕ್ಕೂ ಒಂದೊಂದು ಹಾಡು ಇರಲೇಬೇಕು. ಹಾಡಿಲ್ಲದೆ ಶಾಸ್ತ್ರವು ನಡೆದರೆ ಅದು ನಡೆದಂತೆಯೇ ಅಲ್ಲ. ಬಸುರಿಯ ಬಯಕೆಗೆ ಹಾಡು, ತೊಟ್ಟಿಲಿಗೆ ಹಾಡು. ಹೆಂಗಸರು ಕೂಡಿಕೊಂಡು ಹಾಡುತ್ತ ಕುಣಿಯುವ ತಾರ್ಲೆಯೆಂಬುದೊಂದಿದೆ. ಸುಕ್ರಜ್ಜಿಯ ಹೆಸರು ವಿಶೇಷವಾಗಿ ಇದರೊಡನೆ ಸೇರಿಕೊಂಡಿರುವುದು.

ಗಂಡಸರದು ಗುಮಟೆಯ ಪಾಂಗು. ಗುಮಟೆಯೆಂದರೆ ಎರಡೂ ಕಡೆ ಬಾಯುಳ್ಳ, ನಡುವೆ ಹೊಟ್ಟೆ ಉಬ್ಬಿದ ಮಣ್ಣಿನ ಗಡಿಗೆ. ದೊಡ್ಡ ಬಾಯಿಗೆ ಚರ್ಮವನ್ನು ಬಿಗಿದು ಅದರ ಮೇಲೆ ಬೆರಳಿನಿಂದ ಬಾರಿಸುವರು. ಚಿಕ್ಕ ಬಾಯನ್ನು ಅಂಗೈಯಿಂದ ಮುಚ್ಚಿ ತೆರೆದು ನಾದವನ್ನು ಏರಿಳಿಸುವರು. ಹಿಂದೆ ಉಡದ ಚರ್ಮವನ್ನೇ ಬಿಗಿಯುತ್ತಿದ್ದರು. ೧೯೭೨ರ ವನ್ಯಜೀವಿ ಕಾಯಿದೆಯು ಉಡಕ್ಕೆ ರಕ್ಷಣೆಯನ್ನು ಕೊಟ್ಟ ಮೇಲೆ ಅದು ಸಲ್ಲದಾಯಿತು. ಆಡಿನ ಚರ್ಮದ ನಾದವು ಅಷ್ಟು ಗಟ್ಟಿಯಲ್ಲವೆಂದು ಹಳಬರು ಗೊಣಗುವುದುಂಟು. ಉಡದ ಪಕ್ಷವನ್ನು ವಹಿಸಿ ನಾವು ಸುಮ್ಮನಿರುವೆವು. ಗುಮಟೆಯ ಮೇಲೆ ರಾಮನ ಕಥೆ, ಪಾಂಡವರ ಕಥೆಗಳನ್ನು ರಾತ್ರಿಯೆಲ್ಲ ಹಾಡುವರು. ಫಾಲ್ಗುಣ ಮಾಸದಲ್ಲಿ ಸುಗ್ಗಿ ಬಂದಿತೆಂದರೆ ಬೆಂಡಿನ ಹೂಗಳಿಂದ ಕಟ್ಟಿದ ಎತ್ತರವಾದ ತುರಾಯಿಗಳನ್ನು ತಲೆಯ ಮೇಲೆ ಹೊತ್ತ ಕುಣಿತದವರು ಮನೆಮನೆಗೆ ಬಂದು ಕುಣಿದು, ಹೋಳಿ ಹುಣ್ಣಿಮೆಯವರೆಗೆ ಊರನ್ನೆಲ್ಲ ಗದ್ದಲಗೊಳಿಸುವರು.

ಇಂತಹ ಊರಿನಲ್ಲಿ, ಇಂತಹ ಜನರ ನಡುವೆ ಸುಕ್ರಿ ಬೆಳೆದರು. ಹಾಡನ್ನು ಕಲಿಸಿದವಳು ತಾಯಿ. ಕಲಿಸಿದಳೆಂದರೆ ಎದುರಿಗೆ ಕುಳ್ಳಿರಿಸಿಕೊಂಡು ಪಾಠ ಹೇಳಿದಳೆಂದು ತಿಳಿಯಬಾರದು. ತಾಯಿ ಗದ್ದೆಗೆ ಹೋದಲ್ಲಿ ಮಗಳು ಹೋಗುವಳು. ಹೆಂಗಸರ ಸಾಲಿನಲ್ಲಿ ಹಿಂದಿನ ಸೊಲ್ಲನ್ನು ಹಿಡಿದು ಹೇಳುವಳು. ವರ್ಷ ಕಳೆದಂತೆ ಆ ಸೊಲ್ಲು ಅವಳಿಗೆ ತಿಳಿಯದಂತೆಯೇ ಅವಳದಾಗುವುದು. ನಮ್ಮ ಮನೆಗಳಲ್ಲಿ ಆರತಿಯ ಹಾಡು, ಬೀಗರ ಹಾಡುಗಳನ್ನು ಕಲಿತವರು ಹೀಗೆಯೇ ಅಲ್ಲವೆ ಕಲಿತುದು?

ಇನ್ನೂ ಆಟವಾಡುವ ವಯಸ್ಸಿನಲ್ಲಿಯೇ ಅವರ ಮದುವೆಯಾಯಿತು. ಬೊಮ್ಮಗೌಡನು ವಯಸ್ಸಿನಲ್ಲಿ ಬಹಳ ಹಿರಿಯ. ಸಾರಾಯಿಯ ಚಟವು ಅವನನ್ನು ಹಿಡಿದಿದ್ದಿತು. ಅದೇ ಅವನನ್ನು ಕೊಂಡೊಯ್ದಿತು. ಹೊಟ್ಟೆಯ ಮಕ್ಕಳು ಉಳಿಯಲಿಲ್ಲ. ಸಂಬಂಧಿಕರ ಹುಡುಗನೊಬ್ಬನನ್ನು ಸಾಕಿ, ಮಗನೆಂದು ಬೆಳೆಸಿ, ಅವನಿಗೊಂದು ಸಂಸಾರವಾಗುವುದನ್ನು ಕಂಡರು. ಆ ಮಗನೂ ಅದೇ ಸಾರಾಯಿಗೆ ತುತ್ತಾದನು. ಕೂಲಿ ಮಾಡಿ ಬದುಕುವ ವಿಧವೆಯೊಬ್ಬಳಿಗೆ ಇದಕ್ಕಿಂತ ಹೆಚ್ಚಿನ ಪೆಟ್ಟು ಯಾವುದಿದ್ದೀತು? ಆ ದುಃಖದಲ್ಲಿ ತಮ್ಮನ್ನು ಎತ್ತಿ ಹಿಡಿದುದು ಹಾಡೇ ಎಂದು ಅವರು ಕೇಳಿದವರಿಗೆಲ್ಲ ಹೇಳುತ್ತಿದ್ದರು. ಇದನ್ನು ಕೇಳಿ ಪಟ್ಟಣದ ಜನರು ಕಲೆಯ ಮಹಿಮೆಯೆಂದು ತಲೆದೂಗುವರು. ನಾವು ಇಲ್ಲಿ ಒಂದು ಮಾತನ್ನು ಸೇರಿಸಬಯಸುವೆವು. ಹಾಡು ಅವರ ಅಳಲನ್ನು ಹಗುರ ಮಾಡಿತು, ನಿಜ; ಆದರೆ ಅಷ್ಟಕ್ಕೇ ಅವರು ತೃಪ್ತರಾಗಲಿಲ್ಲ. ಅಳಲಿನ ಮೂಲವಾವುದೆಂಬುದು ಅವರಿಗೆ ಚೆನ್ನಾಗಿ ಗೊತ್ತಿದ್ದಿತು.

ಕಳೆದ ಶತಮಾನದ ಕೊನೆಯ ದಶಕದಲ್ಲಿ ಕರಾವಳಿಯ ಹಳ್ಳಿಗಳಲ್ಲಿ ಸಾರಾಯಿಯ ವಿರುದ್ಧ ಹೆಂಗಸರು ಎದ್ದು ನಿಂತಾಗ ಸುಕ್ರಜ್ಜಿ ಅವರ ಮುಂದಿದ್ದರು. ಗಂಡನು ದುಡಿದ ಕೂಲಿಯು ಸಂಜೆಯೊಳಗೆ ಅಂಗಡಿಗೆ ಸೇರಿ, ಒಲೆಯ ಮೇಲೆ ನೀರು ಮಾತ್ರ ಕುದಿಯುವ ಮನೆಗಳ ಹೆಂಗಸರು ಅವರೆಲ್ಲರೂ. ಭಾಷಣವನ್ನು ಮಾಡಲು ಬಾರದವರು ಹಾಡಿದರು. ಹಳೆಯ ಧಾಟಿಗೆ ಹೊಸ ಮಾತುಗಳನ್ನು ಹೊಂದಿಸಿ, ಕುಡುಕನ ಮನೆಯ ಪಾಡನ್ನು ಹಾಡಾಗಿಸಿದರು. ಹಳೆಯದನ್ನು ಇದ್ದ ಹಾಗೆಯೇ ಕಾಪಾಡುವುದು ಮಾತ್ರವೇ ಜಾನಪದ ಎನ್ನುವವರಿಗೆ ಇದು ಅಪಚಾರವೆಂದು ತೋರಬಹುದು. ನಮಗೆ ಹಾಗೆ ತೋರುವುದಿಲ್ಲ. ಹಾಡು ಬದುಕಿದೆಯೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೆ? ಕರ್ನಾಟಕ ಸರಕಾರವು ೨೦೦೭ನೆಯ ಜುಲೈ ೧ರಿಂದ ಸಾರಾಯಿಯನ್ನು ನಿಷೇಧಿಸಿತು. ನಾಡಿನ ನಾನಾ ಕಡೆ ಇಂತಹ ಹೆಂಗಸರು ವರ್ಷಗಟ್ಟಲೆ ಎಬ್ಬಿಸಿದ ಕೂಗಿಗೆ ಅದರಲ್ಲಿ ಪಾಲುಂಟು. ಸಾರಾಯಿ ಹೋಯಿತು, ಬೇರೆ ಬಾಟಲಿಗಳು ಹೋಗಲಿಲ್ಲ. ಸುಕ್ರಜ್ಜಿ ತಮ್ಮ ಕೊನೆಗಾಲದವರೆಗೂ ಕುಡಿತದ ಮಾತನ್ನೆತ್ತುವುದನ್ನು ಬಿಡಲಿಲ್ಲ.

ಇನ್ನು, ಸಾವಿರಗಟ್ಟಲೆ ಹಾಡುಗಳನ್ನು ಬರೆಹದ ಸಹಾಯವಿಲ್ಲದೆ ಒಬ್ಬಳು ನೆನಪಿನಲ್ಲಿಟ್ಟುಕೊಳ್ಳುವುದು ಹೇಗೆ ಎಂಬ ಪ್ರಶ್ನೆ. ಇದು ಪವಾಡವಲ್ಲ, ಇದಕ್ಕೊಂದು ಕ್ರಮವಿದೆ, ಆ ಕ್ರಮವು ಬಹು ಜಾಣತನದ್ದು. ಒಬ್ಬಳು ಮುಂದಾಗಿ ಸಾಲನ್ನು ಹೇಳುವಳು. ಉಳಿದವರು ಅದನ್ನೇ ಹಿಡಿದು ತಿರುಗಿ ಹೇಳುವರು. ಅವರು ಹೇಳುತ್ತಿರುವಷ್ಟು ಹೊತ್ತು ಮುಂದಾಳಿಗೆ ಮುಂದಿನ ಸಾಲನ್ನು ನೆನೆಯಲು ಬಿಡುವು. ಕೇಳುವವರಿಗೆ ಬರಿಯ ಪುನರುಕ್ತಿಯೆಂದು ತೋರುವುದು ಹಾಡುವವಳಿಗೆ ಊರುಗೋಲು. ಮತ್ತೆ, ಹಾಡುಗಳಲ್ಲಿ ಒಂದೇ ಬಗೆಯ ಸನ್ನಿವೇಶಗಳು ಬಾರಿಬಾರಿಗೂ ಬರುವುವು: ಮೀಯುವುದು, ತಲೆ ಬಾಚುವುದು, ಪೆಟ್ಟಿಗೆಯನ್ನು ತೆರೆದು ಸೀರೆಯನ್ನಾರಿಸುವುದು, ದಾರಿಯಲ್ಲಿ ಸಿಕ್ಕವರನ್ನು ಊರಿನ ದಾರಿ ಕೇಳುವುದು, ಏಳು ಬಾಗಿಲುಗಳನ್ನು ದಾಟಿ ಒಳಗೆ ಹೋಗುವುದು. ಇವುಗಳ ಸಾಲುಗಳು ಬಹುಮಟ್ಟಿಗೆ ಸಿದ್ಧವಾಗಿಯೇ ಇರುವುವು. ಕೊರಳಿನ ಮಣಿಗಳಂತೆಯೇ ಅವು. ಮಣಿ ಅವೇ, ಪೋಣಿಸುವ ಬಗೆ ಬೇರೆ. ಮದುವೆಯ ಹಾಡಿನಲ್ಲಿ ಮದುಮಗಳ ತಂದೆ, ಸೋದರಮಾವ, ಅಣ್ಣತಮ್ಮಂದಿರ ಹೆಸರುಗಳನ್ನು ಅಲ್ಲಲ್ಲಿಗೆ ಸೇರಿಸಿ ಹಾಡುವುದುಂಟು. ಹೆಸರು ಉದ್ದವಾದರೆ ಸಾಲನ್ನು ಎಳೆಯಬೇಕು, ಮೋಟಾದರೆ ಒಂದು ಬಳ್ಳಿಯನ್ನೋ ಹೂವನ್ನೋ ಸೇರಿಸಿ ತುಂಬಬೇಕು. ಇದನ್ನು ಆ ಕ್ಷಣದಲ್ಲಿಯೇ ಮಾಡಬಲ್ಲವಳು ಬರಿಯ ನೆನಪುಗಾತಿಯಲ್ಲ, ಅವಳು ಕವಿಯೇ. ಆದುದರಿಂದಲೇ ಒಂದೇ ಹಾಡನ್ನು ಎರಡು ಸಲ ಹಾಡಿಸಿ ಬರೆದುಕೊಂಡವರಿಗೆ ಎರಡು ಪಾಠಗಳು ಸಿಗುವುವು. ಯಾವುದು ಶುದ್ಧವೆಂದು ಕೇಳಿದರೆ ಹಾಡುಗಾತಿ ನಗುವಳು.

ಕಥೆಯ ಹಾಡುಗಳ ಮಾತು ಇನ್ನೂ ಆಳವಾದುದು. ಹಾಲಕ್ಕಿಗಳಲ್ಲಿ ಮಾತ್ರವಲ್ಲ, ಕನ್ನಡ ನಾಡಿನ ಎಲ್ಲೆಡೆಯ ಹೆಂಗಸರೂ ತಮ್ಮ ಬಾಯಿಂದ ನೇರವಾಗಿ ಹೇಳಲಾಗದುದನ್ನು ಕಥೆಯ ಹಾಡಿನ ಮೂಲಕ ಹೇಳಿದರು. ನಮ್ಮ ವಾಚಕರಲ್ಲಿ ಅನೇಕರು ಬಲ್ಲ ‘ಕೆರೆಗೆ ಹಾರ’ವನ್ನೇ ನೆನೆಯಿರಿ. ಊರಿಗೆ ನೀರಾಗಬೇಕೆಂದು ಗೌಡನು ಕೆರೆಯನ್ನು ತೋಡಿಸಿದನು, ನೀರು ಬೀಳಲಿಲ್ಲ, ಕಿರಿಯ ಸೊಸೆಯನ್ನು ಬಲಿಗೊಡಬೇಕೆಂದಾಯಿತು. ಆ ಸೊಸೆಗೆ ಎದುರುಮಾತಿಲ್ಲ. ತವರಿಗೆ ಹೋಗಿ ಬರುವಳು, ಗೆಳತಿಯನ್ನು ಕಂಡು ಬರುವಳು, ಮನೆಯ ಕೆಲಸವನ್ನೆಲ್ಲ ಮುಗಿಸುವಳು, ಕೆರೆಗೆ ಇಳಿಯುವಳು. ದಂಡಿನಿಂದ ಬಂದ ಗಂಡನು ಸುದ್ದಿಯನ್ನರಿತು ತಾನೂ ಅದೇ ಕೆರೆಗೆ ಹಾರುವನು. ಹಾಡಿನಲ್ಲಿ ಎಲ್ಲಿಯೂ ಮಾವನನ್ನು ಬಯ್ದ ಒಂದು ಮಾತಿಲ್ಲ. ಅತ್ತೆ ಮಾವಂದಿರು ಕೇಳುತ್ತಿರುವಂತೆಯೇ ಮನೆಯ ಸೊಸೆಯರು ಇದನ್ನು ಹಾಡಿದರು. ತಪ್ಪು ಹಿಡಿಯಲು ಯಾರಿಗೂ ಎಡೆಯಿಲ್ಲ. ಹಾಡು ಹೋದರೆ ಅದರೊಡನೆ ಹೋಗುವುದು ಬರಿಯ ರಾಗವಲ್ಲ, ನಮ್ಮ ಅಜ್ಜಿಯರು ಮನೆಯೊಳಗೆ ಕಂಡುಂಡುದರ ಕುರಿತು ನಮಗಿರುವ ಒಂದೇ ಒಂದು ದಾಖಲೆ. ಇತಿಹಾಸದ ಗ್ರಂಥಗಳಲ್ಲಿ ಅವರಿಗೆ ಸ್ಥಳವಿಲ್ಲವಷ್ಟೆ.

ಬಾಯಿಮಾತಿನ ಈ ಸಂಪತ್ತನ್ನು ಕಾಗದಕ್ಕಿಳಿಸುವ ಕೆಲಸವು ನಮ್ಮಲ್ಲಿ ಬಹಳ ಹಿಂದೆಯೇ ಪ್ರಾರಂಭವಾಯಿತು. ಶಾಸನಗಳ ಪಂಡಿತನೆಂದು ಹೆಸರಾದ ಫ್ಲೀಟ್ ಎಂಬ ಆಂಗ್ಲ ಅಧಿಕಾರಿಯು ಸಂಗೊಳ್ಳಿ ರಾಯಣ್ಣನ ಲಾವಣಿ, ಹಲಗಲಿಯ ಬೇಡರ ಲಾವಣಿ ಮೊದಲಾದುವನ್ನು ಸಂಗ್ರಹಿಸಿ ಹತ್ತೊಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಅಚ್ಚು ಹಾಕಿಸಿದನು. ತಮ್ಮ ವಿರುದ್ಧವೇ ಕಟ್ಟಿದ ಹಾಡುಗಳನ್ನು ಅಂದಿನ ಸರಕಾರದ ಅಧಿಕಾರಿಯೊಬ್ಬನು ಶ್ರದ್ಧೆಯಿಂದ ಕೂಡಿಹಾಕಿದುದು ಒಂದು ವಿನೋದವೇ ಸರಿ. ಆಮೇಲೆ ನಮ್ಮವರೇ ಎಚ್ಚತ್ತರು. ವಿಜಯಪುರ ಜಿಲ್ಲೆಯ ಹಲಸಂಗಿಯ ಗೆಳೆಯರು ೧೯೩೧ರಲ್ಲಿ ‘ಗರತಿಯ ಹಾಡು’ ಎಂಬ ತ್ರಿಪದಿಗಳ ಸಂಗ್ರಹವನ್ನು ಹೊರತಂದರು. ಮಧುರಚೆನ್ನ, ಸಿಂಪಿ ಲಿಂಗಣ್ಣ ಮೊದಲಾದವರು ಆ ಗೆಳೆಯರು. ಬೀಸುವ ಕಲ್ಲಿನ ಮುಂದೆ ಹುಟ್ಟಿದ ಆ ಪದ್ಯಗಳನ್ನು ಕಂಡು ಪಂಡಿತರು ಬೆರಗಾದರು. ಗೊರೂರು ರಾಮಸ್ವಾಮಿ ಅಯ್ಯಂಗಾರರ ‘ಹಳ್ಳಿಯ ಹಾಡುಗಳು’ ೧೯೩೮ರಲ್ಲಿ ಬಂದಿತು. ಉತ್ತರ ಕನ್ನಡದ ಮಟ್ಟಿಗೆ ಹೇಳುವುದಾದರೆ ಕುಮಟೆಯ ಎಲ್. ಆರ್. ಹೆಗಡೆಯವರೂ, ಹೊನ್ನಾವರದ ಎನ್. ಆರ್. ನಾಯಕ, ಶಾಂತಿ ನಾಯಕ ದಂಪತಿಗಳೂ ಕೊಪ್ಪ ಕೊಪ್ಪಗಳನ್ನು ನಡೆದು ತಿರುಗಿ ಹಾಡುಗಳನ್ನೂ ಕಥೆಗಳನ್ನೂ ಬರೆದುಕೊಂಡು ಮಾಡಿದ ಕೆಲಸವು ಒಂದು ಸಂಸ್ಥೆಯು ಮಾಡತಕ್ಕಷ್ಟು ದೊಡ್ಡದು. ಎಚ್. ಎಲ್. ನಾಗೇಗೌಡರು ರಾಮನಗರದ ಬಳಿ ಜಾನಪದ ಲೋಕವನ್ನು ಕಟ್ಟಿದರು. ಜಾನಪದಕ್ಕೇ ಮೀಸಲಾದ ವಿಶ್ವವಿದ್ಯಾಲಯವೊಂದು ಹಾವೇರಿ ಜಿಲ್ಲೆಯ ಗೊಟಗೋಡಿಯಲ್ಲಿ ೨೦೧೧ರಲ್ಲಿ ಸ್ಥಾಪಿತವಾಯಿತು.

ಸುಕ್ರಜ್ಜಿಯ ಹಾಡುಗಳಿಗೆ ಕಾರವಾರದ ಆಕಾಶವಾಣಿಯ ಯಂತ್ರಗಳ ನೆರವು ದೊರೆಯಿತು. ಬರೆಹವು ಹಾಡಿನ ಮಾತನ್ನು ಹಿಡಿದಿಡಬಲ್ಲುದಲ್ಲದೆ ಅದರ ಧ್ವನಿಯನ್ನು ಹಿಡಿಯಲಾರದು. ಹಾಲಕ್ಕಿಗನ್ನಡದ ಎಷ್ಟೋ ಉಚ್ಚಾರಗಳಿಗೆ ನಮ್ಮ ಅಕ್ಷರಮಾಲೆಯಲ್ಲಿ ಸರಿಯಾದ ಗುರುತುಗಳೇ ಇಲ್ಲ. ಧ್ವನಿಮುದ್ರಣವು ಆ ಕೊರತೆಯನ್ನು ಬಹುಮಟ್ಟಿಗೆ ತುಂಬಿತು. ಮುಂದೆ ನೂರು ವರ್ಷಗಳ ಮೇಲೆ ಹುಟ್ಟುವ ಮಗುವೂ ಆಕೆಯ ಕೊರಳನ್ನು ಕೇಳಬಹುದು. ಇದು ಸಣ್ಣ ಲಾಭವಲ್ಲ.

ಆದರೆ ಯಂತ್ರದೊಳಗಿರುವ ಹಾಡು ಬೆಳೆಯುವುದಿಲ್ಲ. ಅದಕ್ಕೆ ಹೊಸ ಸೊಲ್ಲು ಹುಟ್ಟುವುದಿಲ್ಲ. ಯಾವ ಮದುಮಗಳ ಹೆಸರೂ ಅದರೊಳಗೆ ಸೇರುವುದಿಲ್ಲ. ಸುಕ್ರಜ್ಜಿ ಇದನ್ನು ಯಾವ ಪಂಡಿತನಿಂದಲೂ ಕಲಿಯದೆಯೇ ಅರಿತಿದ್ದರು. ಆದುದರಿಂದಲೇ ಅವರು ತಾವೊಬ್ಬರೇ ವೇದಿಕೆಯನ್ನೇರದೆ, ತಮ್ಮ ಕೇರಿಯ ಹೆಂಗಸರನ್ನು ಜೊತೆಗೆ ಕೂಡಿಸಿಕೊಂಡು ಹಾಡುತ್ತಿದ್ದರು. ಹಿಂದಿನ ಸೊಲ್ಲನ್ನು ಹಿಡಿಯುವವರಿಲ್ಲದೆ ಮುಂದಿನ ಸೊಲ್ಲಿಗೆ ಅರ್ಥವೇ ಇಲ್ಲವಷ್ಟೆ.

ಹಾಡು ಏಕೆ ಕಡಿಮೆಯಾಗುತ್ತಿದೆಯೆಂದು ಕೇಳಿದರೆ ಎಲ್ಲರೂ ಸಿನಿಮಾವನ್ನು ದೂರುವರು. ಅದರ ತಪ್ಪು ಇಲ್ಲವೆನ್ನಲಾರೆವು; ಆದರೆ ಅದಕ್ಕಿಂತ ಮೊದಲು ಹಾಡನ್ನು ನಿಲ್ಲಿಸಿದುದು ಅಕ್ಕಿಯ ಗಿರಣಿ. ಒನಕೆ ನಿಂತಿತು, ಒನಕೆಯ ಹಾಡೂ ನಿಂತಿತು. ಹಾಗೆಂದು ಗಿರಣಿಯನ್ನು ಮುಚ್ಚಿ ಹೆಂಗಸರು ತಿರುಗಿ ಒನಕೆಯನ್ನು ಹಿಡಿಯಲೆಂದು ಯಾರು ಹೇಳಿಯಾರು? ದಿನಬೆಳಗಾದರೆ ಭತ್ತವನ್ನು ಕುಟ್ಟಿ ಅಂಗೈ ಬೊಬ್ಬೆಯೆದ್ದವರಿಗೆ ಆ ಹಾಡಿನ ಸೊಗಸಿಗಿಂತ ಗಿರಣಿಯ ಸದ್ದೇ ಇಂಪಾಗಿದ್ದಿರಬೇಕು. ಗದ್ದೆಗಳಲ್ಲಿಯೂ ನೆಡುವ ಕೈಗಳು ಕಡಿಮೆಯಾಗಿವೆ. ಇವೆಲ್ಲವೂ ತಡೆಯಲಾಗದ ಮಾತು. ಆದರೆ ಇನ್ನೊಂದು ಕಾರಣವಿದೆ, ಅದು ನಾಚಿಕೆ. ಶಾಲೆಯಲ್ಲಿ ಪುಸ್ತಕದ ಕನ್ನಡವನ್ನು ಕಲಿತು ಬಂದ ಮಗುವು ಅಜ್ಜಿಯ ಕನ್ನಡವನ್ನು ತಪ್ಪು ಕನ್ನಡವೆಂದು ತಿಳಿದು ನಗುವುದು. ಅಜ್ಜಿಯು ಬಾಯಿ ಮುಚ್ಚಿಕೊಳ್ಳುವಳು. ಗಿರಣಿಯು ಒನಕೆಯ ಹಾಡನ್ನು ಮಾತ್ರ ನಿಲ್ಲಿಸಿತು, ಈ ನಗೆಯಾದರೋ ಎಲ್ಲ ಹಾಡುಗಳನ್ನೂ ಒಮ್ಮೆಗೇ ನಿಲ್ಲಿಸುವುದು. ಮಣಿಸರದ ಉಡುಗೆಯಲ್ಲಿಯೇ ದೆಹಲಿಯ ಸನ್ಮಾನದವರೆಗೆ ನಡೆದ ಮುದುಕಿಯೊಬ್ಬಳು ಅಂಕೋಲೆಯ ಹುಡುಗಿಯರ ಈ ನಾಚಿಕೆಯನ್ನು ಒಂದಿಷ್ಟಾದರೂ ಬಿಡಿಸಿರಬೇಕೆಂದು ನಾವು ನಂಬುವೆವು. ಪ್ರಶಸ್ತಿಗಳಿಂದ ಆಗಬಹುದಾದ ನಿಜವಾದ ಪ್ರಯೋಜನವೇನಾದರೂ ಇದ್ದರೆ ಅದು ಇದೇ.

ಪ್ರಶಸ್ತಿಗಳ ಮಾತು ಬಂದುದರಿಂದ ಇದನ್ನೂ ಹೇಳಬೇಕು. ಹಾಲಕ್ಕಿಗಳನ್ನು ಪರಿಶಿಷ್ಟ ಪಂಗಡಗಳ ಪಟ್ಟಿಗೆ ಸೇರಿಸಬೇಕೆಂಬ ಬೇಡಿಕೆಯು ದಶಕಗಳ ಹಳೆಯದು. ಹಾರ ಹಾಕಿಸಿಕೊಂಡ ಸಭೆಗಳಲ್ಲಿ ಸುಕ್ರಜ್ಜಿ ಅದನ್ನೇ ಕೇಳುತ್ತಿದ್ದರು. ತಮ್ಮ ಜನರ ಮಕ್ಕಳಿಗೆ ಓದು ಸಿಗಲಿ, ಕೆಲಸ ಸಿಗಲಿ ಎಂಬುದೇ ಅವರ ಬಯಕೆ. ಅವರಿಗೆ ಬಿರುದುಗಳು ಒಂದರ ಮೇಲೊಂದು ಬಂದುವು. ಆ ಬೇಡಿಕೆ ಮಾತ್ರ ಅವರು ಕಣ್ಣು ಮುಚ್ಚುವವರೆಗೂ ನೆರವೇರಲಿಲ್ಲ. ಹಾಡನ್ನು ಕೇಳಿ ಚಪ್ಪಾಳೆ ತಟ್ಟುವುದು ಸುಲಭ, ಹಾಡುಗಾತಿಯ ಮಾತನ್ನು ಕೇಳುವುದು ಕಷ್ಟ. ಅದೇ ತಾಲ್ಲೂಕಿನ ಹೊನ್ನಳ್ಳಿಯ ತುಳಸಿ ಗೌಡರೂ ಹಾಲಕ್ಕಿಯವರೇ. ಕಾಡಿನ ಬೀಜಗಳನ್ನು ಆಯ್ದು ಸಸಿಗಳನ್ನೆಬ್ಬಿಸಿದ ಅವರ ಕೆಲಸಕ್ಕೂ ಪದ್ಮಶ್ರೀ ದೊರೆತಿದ್ದಿತು. ಅವರು ೨೦೨೪ನೆಯ ಡಿಸೆಂಬರ್ ೧೬ರಂದು ತೀರಿಕೊಂಡರು. ಎರಡು ತಿಂಗಳು ತುಂಬುವುದರೊಳಗಾಗಿ ಅಂಕೋಲೆಯು ಇಬ್ಬರನ್ನೂ ಕಳೆದುಕೊಂಡಿತು.

ಇಷ್ಟು ಓದಿದ ಮೇಲೆ ನಮ್ಮ ಗೃಹಿಣಿಯರಲ್ಲಿ ಕೆಲವರಾದರೂ, ತಮ್ಮ ಮನೆಯ ಹಿರಿಯರ ಹಾಡುಗಳನ್ನು ಬರೆದಿಡಬೇಕೆಂದು ಯೋಚಿಸುವರೆಂದು ನಮಗೆ ಭರವಸೆಯಿದೆ. ಅವರಿಗಾಗಿ ಕೆಲವು ಸೂಚನೆಗಳು. ಅಜ್ಜಿಯನ್ನು ಕುರ್ಚಿಯಲ್ಲಿ ಕುಳ್ಳಿರಿಸಿ ಹಾಡೆಂದರೆ ಅವಳಿಗೆ ಒಂದು ಸಾಲೂ ನೆನಪಾಗದು. ಕೈಗೆ ಮೊರವನ್ನು ಕೊಡಿರಿ, ಇಲ್ಲವೆ ಮೊಮ್ಮಗುವಿನ ತೊಟ್ಟಿಲಿನ ಬಳಿ ಕುಳ್ಳಿರಿಸಿರಿ. ಕೈ ಆಡಿದೊಡನೆಯೇ ಬಾಯಿಗೆ ಹಾಡು ಬರುವುದು. ಈಗ ಪ್ರತಿಯೊಬ್ಬರ ಕೈಯಲ್ಲಿಯೂ ಇರುವ ಮೊಬೈಲಿನಲ್ಲಿ ಮೊದಲು ಧ್ವನಿಯನ್ನು ಹಿಡಿದುಕೊಂಡು ಆಮೇಲೆ ನಿಧಾನವಾಗಿ ಕೇಳಿ ಬರೆಯುವುದು ಲೇಸು. ನಡುವೆ ನಿಲ್ಲಿಸಿ ಏನೆಂದೆ ಎಂದು ಕೇಳಿದರೆ ಎಳೆ ಕಡಿದುಹೋಗುವುದು. ಅವಳು ಹೇಳಿದ ಮಾತನ್ನು ಪುಸ್ತಕದ ಕನ್ನಡಕ್ಕೆ ತಿದ್ದಬೇಡಿರಿ. ಅರ್ಥವಾಗದ ಶಬ್ದವನ್ನು ಕೇಳಿದ ಹಾಗೆಯೇ ಬರೆದು, ಪಕ್ಕದಲ್ಲಿ ಅವಳು ಹೇಳಿದ ಅರ್ಥವನ್ನು ಸೇರಿಸಿರಿ. ಅವಳಿಗೂ ಅರ್ಥ ಗೊತ್ತಿಲ್ಲದಿದ್ದರೆ ಹಾಗೆಂದೇ ಬರೆಯಿರಿ. ಅಂತಹ ಶಬ್ದಗಳೇ ಎಷ್ಟೋ ಸಲ ಬಹು ಹಳೆಯವು. ಹಾಡನ್ನು ತವರಿನಲ್ಲಿ ಕಲಿತಳೋ ಗಂಡನ ಮನೆಯಲ್ಲಿ ಕಲಿತಳೋ, ಯಾರಿಂದ ಕಲಿತಳು, ಯಾವ ಕೆಲಸಕ್ಕೆ ಯಾವ ಶಾಸ್ತ್ರಕ್ಕೆ ಅದು ಸಲ್ಲುವುದು ಎಂಬುದನ್ನು ತಲೆಬರೆಹದ ಕೆಳಗೆ ಗುರುತಿಸಿರಿ. ಊರು, ತಿಂಗಳು, ಇಸವಿಗಳನ್ನು ಮರೆಯಬೇಡಿರಿ. ಮಗಳನ್ನು ಕಳುಹಿಸುವ ಹಾಡನ್ನು ಸುಮ್ಮನೆ ಹಾಡಲೊಲ್ಲೆನೆಂದು ಅವಳು ಹೇಳಿದರೆ ಒತ್ತಾಯ ಮಾಡತಕ್ಕದ್ದಲ್ಲ. ಮದುವೆಯು ಬರುವವರೆಗೆ ಕಾಯಿರಿ.

ಬರೆಯುವಾಗ ಪುಟದ ಒಂದು ಪಕ್ಕದಲ್ಲಿ ಮಾತ್ರ ಬರೆದು ಎದುರಿನ ಪಕ್ಕವನ್ನು ಬರಿದಾಗಿ ಬಿಡಿರಿ. ಚಿಕ್ಕಮ್ಮನೋ ಸೋದರತ್ತೆಯೋ ಬಂದು, ಈ ಸಾಲು ಹೀಗಲ್ಲ, ನಮ್ಮಲ್ಲಿ ಬೇರೆ ಹಾಡುತ್ತಾರೆ ಎಂದು ಖಂಡಿತವಾಗಿ ಹೇಳುವರು. ಅದನ್ನು ಬರೆದುಕೊಳ್ಳಲು ಸ್ಥಳ ಬೇಕಾಗುವುದು.